ಕಡತದ ಮೌನಕ್ಕೂ ಒಂದು ಗಡುವು

"ನಿಮ್ಮ ಫೈಲು ಮೇಲೆ ಹೋಗಿದೆ." ಸರ್ಕಾರಿ ನೌಕರಿಯಲ್ಲಿದ್ದವರ ಕಿವಿಗೆ ಈ ಮಾತು ಹೊಸದಲ್ಲ. ಒಂದೇ ಹುದ್ದೆಯಲ್ಲಿ ಹತ್ತು ವರ್ಷ ದುಡಿದ ಗುಮಾಸ್ತರೊಬ್ಬರಿಗೆ ಕಾಲಮಿತಿ ಬಡ್ತಿ ಬರಬೇಕು ಎಂದಿಟ್ಟುಕೊಳ್ಳಿ. ಮನವಿ ಕೊಟ್ಟಾಯಿತು, ಸೇವಾ ಪುಸ್ತಕವೂ ಹೋಯಿತು. ಆಮೇಲೆ ಮಂಜೂರಾತಿಯೂ ಇಲ್ಲ, ಆಗುವುದಿಲ್ಲವೆಂಬ ಹಿಂಬರಹವೂ ಇಲ್ಲ. ಆದೇಶವೇ ಇಲ್ಲದ ಮೇಲೆ ಯಾವುದರ ವಿರುದ್ಧ ದಾವೆ ಹೂಡುವುದು?

ಈ ಮೌನಕ್ಕೂ ಕಾನೂನು ಗಡುವು ಹಾಕಿದೆ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ ಪ್ರಕಾರ ಮೊದಲು ಇಲಾಖೆಯಲ್ಲೇ ಪರಿಹಾರ ಕೇಳಬೇಕು. ಕೇಳಿ ಆರು ತಿಂಗಳಾದರೂ ತೀರ್ಮಾನ ಬರದಿದ್ದರೆ, ಇನ್ನು ಕಾಯಬೇಕಿಲ್ಲ. ರಾಜ್ಯ ಸರ್ಕಾರಿ ನೌಕರರು ಕೆಎಟಿಗೆ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬಹುದು. ಬೆಂಗಳೂರು, ಬೆಳಗಾವಿ, ಕಲಬುರಗಿಗಳಲ್ಲಿ ಅದರ ಪೀಠಗಳಿವೆ. ಕೇಂದ್ರ ನೌಕರರಿಗೆ ಸಿಎಟಿ, ಅಂದರೆ ಕೇಂದ್ರ ಆಡಳಿತ ನ್ಯಾಯಮಂಡಳಿ ಇದೆ. ಈ ಮಂಡಳಿಗಳ ತೀರ್ಪು ಒಪ್ಪಿಗೆಯಾಗದಿದ್ದರೆ ಹೈಕೋರ್ಟಿನ ಬಾಗಿಲು ತೆರೆದೇ ಇದೆ ಎಂದು 1997ರ ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಆದರೆ ಅದೇ ಗಡಿಯಾರ ನಮ್ಮ ವಿರುದ್ಧವೂ ಓಡುತ್ತದೆ. ಆರು ತಿಂಗಳು ತುಂಬಿದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ತಡವಾದರೆ ತಕ್ಕ ಕಾರಣ ತೋರಿಸಬೇಕು. "ಇನ್ನೊಂದು ಮನವಿ ಕೊಟ್ಟು ನೋಡೋಣ" ಎಂದು ಕೊಡುತ್ತಲೇ ಹೋದರೆ ಗಡುವು ಬೆಳೆಯುವುದಿಲ್ಲ, 1989ರ ಎಸ್.ಎಸ್. ರಾಥೋರ್ ಪ್ರಕರಣದಿಂದಲೂ ಇದೇ ಮಾತು.

ಹಾಗಾದರೆ ಹಳೆಯ ವೇತನ ನಿಗದಿಯಲ್ಲೇ ತಪ್ಪಾಗಿದ್ದರೆ? ಪ್ರತಿ ತಿಂಗಳು ಕಡಿಮೆ ಸಂಬಳ ಕೈಗೆ ಬಂದಾಗಲೂ ಅನ್ಯಾಯ ಹೊಸದಾಗಿ ಆದಂತೆ ಎಂದು 1995ರಲ್ಲಿ ಎಂ.ಆರ್. ಗುಪ್ತ ಪ್ರಕರಣದ ತೀರ್ಪು ಬಂತು. ಆದರೆ ಹಿಂಬಾಕಿಯ ಮಾತು ಬೇರೆ. 1983ರಲ್ಲಿ ಸೇನೆಯಿಂದ ಹೊರಬಂದ ತರ್ಸೇಮ್ ಸಿಂಗ್ ಅಂಗವೈಕಲ್ಯ ಪಿಂಚಣಿಗಾಗಿ ಕೋರ್ಟಿಗೆ ಹೋದದ್ದು ಹದಿನಾರು ವರ್ಷದ ಮೇಲೆ. ಹಕ್ಕು ಉಳಿಯಿತು; ಹಿಂಬಾಕಿ ಮಾತ್ರ ಅರ್ಜಿಗೆ ಹಿಂದಿನ ಮೂರೇ ವರ್ಷದ್ದು ಎಂದು 2008ರಲ್ಲಿ ತೀರ್ಮಾನವಾಯಿತು. ಉಳಿದ ವರ್ಷಗಳ ಹಣ ತಡದ ಪಾಲಾಯಿತು.

ಸರ್ಕಾರ ತಡಮಾಡಿದರೂ ಅದಕ್ಕೆ ಬೆಲೆಯಿದೆ. ಪಿಂಚಣಿ, ಉಪದಾನಗಳು ದಯೆಯ ದಾನವಲ್ಲ, ತಪ್ಪಿನಿಂದ ತಡವಾದರೆ ಬಡ್ಡಿ ತೆರಬೇಕು ಎಂದು 1984ರಲ್ಲೇ ಪದ್ಮನಾಭನ್ ನಾಯರ್ ಪ್ರಕರಣ ಹೇಳಿತು. ಕೋವಿಡ್ ಕಾಲದಲ್ಲಿ ತಡೆಹಿಡಿದ ಸಂಬಳಕ್ಕೆ ಆಂಧ್ರ ಪ್ರದೇಶ ಸರ್ಕಾರ ಶೇ. 6ರ ಬಡ್ಡಿ ಕೊಡಬೇಕಾಯಿತು. ಆದ್ದರಿಂದ "ನನ್ನ ಮನವಿ ಪರಿಶೀಲಿಸಲಿ" ಎಂದಷ್ಟೇ ಕೇಳಿ ಸುಮ್ಮನಾಗಬೇಡಿ. ಮಂಡಳಿ ಅಷ್ಟನ್ನೇ ಆದೇಶಿಸಿದರೆ, ಇಲಾಖೆ ಪರಿಶೀಲಿಸಿ ಆಗುವುದಿಲ್ಲ ಎಂದರೂ ಆ ಆದೇಶ ಪಾಲಿಸಿದಂತೆಯೇ! ಹಣ, ಬಡ್ಡಿ, ಗಡುವು ಮೂರನ್ನೂ ಕೇಳಿ. ಗಡುವು ಮೀರಿದರೆ ನ್ಯಾಯಾಂಗ ನಿಂದನೆಯ ಅಧಿಕಾರ ಮಂಡಳಿಗೂ ಇದೆ.

ಕೊನೆಗೊಂದು ಸಣ್ಣ ಮಾತು. ಮನವಿ ಕೊಟ್ಟ ದಿನ ನಿಮ್ಮ ಪ್ರತಿಯ ಮೇಲೂ ಟಪಾಲು ಶಾಖೆಯ ಮೊಹರು, ತಾರೀಖು ಹಾಕಿಸಿಕೊಳ್ಳಿ. ಆರು ತಿಂಗಳ ಎಣಿಕೆ ಆ ತಾರೀಖಿನಿಂದಲೇ ಶುರು.