ನಿವೃತ್ತರಿಗೊಂದು ಜಗಲಿ



ರಾಜ್ಯೋತ್ಸವದ ಈ ನವೆಂಬರ್ ತಿಂಗಳು ನಮ್ಮಂಥ ಬ್ಯಾಂಕು ಗುಮಾಸ್ತರಿಗೆ ಇನ್ನೊಂದು ಕಾರಣದಿಂದಲೂ ನೆನಪಿನಲ್ಲಿರುತ್ತದೆ. ಸರಕಾರಿ ಪೆನ್ಶನ್ ಪಡೆಯುವ ಹಿರಿಯರು ತಾವು ಬದುಕಿರುವೆವೆಂದು ವರ್ಷಕ್ಕೊಮ್ಮೆ ಪ್ರಮಾಣಪತ್ರ ಕೊಡುವ ತಿಂಗಳಿದು. ರುಜು ಮುಗಿದ ಮೇಲೂ ಹಲವರು ಎದ್ದು ಹೋಗುವುದಿಲ್ಲ. ಪಕ್ಕದಲ್ಲಿ ಕುಳಿತವರ ಊರು ಕೇಳುತ್ತಾರೆ. ಯಾವ ಇಲಾಖೆಯಲ್ಲಿದ್ದಿರಿ ಎಂದು ವಿಚಾರಿಸುತ್ತಾರೆ. 2014ರಿಂದ ಈ ಪ್ರಮಾಣವನ್ನು ಬೆರಳಿನ ಗುರುತಿನ ಮೂಲಕ ಕೊಡುವ ಸೌಕರ್ಯ ಬಂದಿದೆ. ಈಗ ಮನೆಯಲ್ಲಿಯೇ ಮೊಬೈಲಿಗೆ ಮುಖ ತೋರಿಸಿದರೂ ಸಾಕು. ನಡೆಯಲಾರದವರಿಗೆ ಇದು ದೊಡ್ಡ ಉಪಕಾರವೇ ಸರಿ. ಆದರೆ ಆ ಬೆಂಚಿನ ಮೇಲಿನ ಮಾತುಕತೆ ಇನ್ನು ಎಲ್ಲಿ ನಡೆಯಬೇಕು?

ಊರಿನಲ್ಲಿ ಅದಕ್ಕೆ ಜಗಲಿಯಿತ್ತು, ಅಶ್ವತ್ಥಕಟ್ಟೆಯಿತ್ತು. ಮುಂಬಯಿಗೆ ಬಂದವನ ಸ್ನೇಹವೆಲ್ಲ ಕಚೇರಿಯದು, ಲೋಕಲ್ ಗಾಡಿಯದು. ಅರುವತ್ತು ತುಂಬಿದ ದಿನ ಹಾರ ಹಾಕಿಸಿಕೊಂಡು ಬಂದರೆ ಎರಡೂ ಮುಗಿದಂತೆಯೇ. ನಮ್ಮ ತಾಯಂದಿರಿಗೆ ಭಜನಾಮಂಡಳಿಯುಂಟು, ನೆರೆಮನೆಯ ಒಡನಾಟವುಂಟು. ಗಂಡಸರು ಅಂಥ ಬಳಕೆ ಬೆಳೆಸಿಕೊಂಡದ್ದು ಕಡಿಮೆ. ಪತ್ನಿ ತೀರಿಕೊಂಡ ಮೇಲಂತೂ ಮನೆ ತುಂಬ ಜನರಿದ್ದರೂ ಮಾತಿಗೆ ಜೊತೆಯಿಲ್ಲ.

ಈ ಕೊರತೆ ನಮ್ಮದು ಮಾತ್ರವಲ್ಲ. ಇಂಗ್ಲೆಂಡಿನಲ್ಲಿ 1960ರ ದಶಕದ ನಡುವಿನಲ್ಲಿ ರೋಟರಿ ಸದಸ್ಯರು ನಿವೃತ್ತರಿಗಾಗಿ ಪ್ರೋಬಸ್ ಎಂಬ ಕ್ಲಬ್ಬುಗಳನ್ನು ಆರಂಭಿಸಿದರು. ಚಂದಾ ಎತ್ತಿ ಸೇವೆ ಮಾಡುವ ಹೊರೆ ಅಲ್ಲಿಲ್ಲ. ಕೂಡುವುದು, ಒಂದು ಭಾಷಣ ಕೇಳುವುದು, ಜೊತೆಯಲ್ಲಿ ಉಣ್ಣುವುದು. ಆಸ್ಟ್ರೇಲಿಯದಲ್ಲಿ 1990ರ ದಶಕದಿಂದ ಹಬ್ಬಿದ ‘ಮೆನ್ಸ್ ಶೆಡ್’ಗಳಲ್ಲಿ ಹಿರಿಯರು ಮರಗೆಲಸ, ರಿಪೇರಿ ಮಾಡುತ್ತ ಹರಟುತ್ತಾರೆ. ಕೈಗೆ ಕೆಲಸವಿದ್ದರೆ ಮಾತು ತಾನಾಗಿ ಬರುತ್ತದೆ. ನಮ್ಮ ಮಹಾರಾಷ್ಟ್ರದಲ್ಲಿಯೂ ಜ್ಯೇಷ್ಠ ನಾಗರಿಕ ಸಂಘಗಳು ಹಲವು ಊರುಗಳಲ್ಲಿವೆ. ಕನ್ನಡಿಗರು ಅವುಗಳಲ್ಲಿ ಅವಶ್ಯ ಸೇರಬೇಕು. ಆದರೂ ಬಾಲ್ಯದ ಊರಿನ ಸುದ್ದಿಯನ್ನು ಕನ್ನಡದಲ್ಲಿ ಆಡುವ ಸುಖವೇ ಬೇರೆ.

ಜಾಗವೆಲ್ಲಿ ಎಂದು ತಾವು ಕೇಳಬಹುದು. ಮುಂಬಯಿಯಲ್ಲಿ ಇದು ಸಹಜವಾದ ಪ್ರಶ್ನೆ. ಹಗಲು ಹೋಟೆಲುಗಳಲ್ಲಿ ದುಡಿದ ಹುಡುಗರಿಗಾಗಿ ಈ ನಗರದ ಕನ್ನಡಿಗರು ರಾತ್ರಿಶಾಲೆಗಳನ್ನು ನಡೆಸಿದರು. ನಮ್ಮ ನೆರೆಯ ಮಾಟುಂಗದ ಮೈಸೂರು ಅಸೋಸಿಯೇಶನ್ 1926ರಷ್ಟು ಹಿಂದೆಯೇ ಹುಟ್ಟಿತು. ವಡಾಲದಲ್ಲಿ ನ್ಯಾಶನಲ್ ಕನ್ನಡ ಎಜುಕೇಶನ್ ಸೊಸೈಟಿ ಕನ್ನಡದ ಮಕ್ಕಳಿಗಾಗಿ ಶಾಲೆ ಕಟ್ಟಿತು. ಎಳೆಯರಿಗಾಗಿ ಇಷ್ಟೆಲ್ಲ ಮಾಡಿದ ಸಮಾಜಕ್ಕೆ ಹಿರಿಯರಿಗೊಂದು ಕೋಣೆ ಹೊಂದಿಸುವುದು ಅಸಾಧ್ಯವಲ್ಲ.

ನಮ್ಮ ಸೂಚನೆ ಇಷ್ಟೇ: ವಾರಕ್ಕೆರಡು ಸಂಜೆ, ಮೆಟ್ಟಿಲು ಹತ್ತಬೇಕಿಲ್ಲದ ಒಂದು ಕೋಣೆ; ಹತ್ತು ಕುರ್ಚಿ, ಕನ್ನಡ ಪತ್ರಿಕೆ, ಚದುರಂಗ, ಕೇರಮ್. ಮೊದಲ ಒಂದು ಗಂಟೆ ಕೆಲಸ: ಬ್ಯಾಂಕಿನ ಅರ್ಜಿ, ನಾಮನಿರ್ದೇಶನದ ಕಾಗದಗಳನ್ನು ಬಲ್ಲವರು ಇತರರಿಗೆ ತುಂಬಿಕೊಡಲಿ; ಮಕ್ಕಳು ಬಂದರೆ ಕನ್ನಡ ಓದಿಸಲಿ. ಉಳಿದ ಹೊತ್ತು ಹರಟೆ. ಲೆಕ್ಕ ಬರೆಯಲು ನಾವಿದ್ದೇವೆ. ನಿಯಮ ಮಾತ್ರ ಒಂದಿರಲಿ: ಎರಡು ವಾರ ಕಾಣದವರ ಮನೆಗೆ ಒಬ್ಬರು ಹೋಗಿ ವಿಚಾರಿಸಿಕೊಂಡು ಬರತಕ್ಕದ್ದು.

ಹಿರಿಯರಿಗೆ ವರ್ಷಕ್ಕೊಮ್ಮೆ ಶಾಲು ಹೊದಿಸುವುದು ನಮ್ಮ ಸಂಪ್ರದಾಯ, ಅದು ನಡೆಯಲಿ. ಅದರ ಜೊತೆಗೆ ಈ ಬಾಗಿಲನ್ನೂ ತೆರೆಯಬೇಕೆಂದು ಕಾರ್ಯಕಾರಿ ಸಮಿತಿಯನ್ನು ಪ್ರಾರ್ಥಿಸುತ್ತೇವೆ. ಬೀಗದ ಕೈ ಇಟ್ಟುಕೊಳ್ಳಲು ಒಬ್ಬ ಹಿರಿಯರು ಇಂದೇ ಮುಂದೆ ಬಂದರೆ, ಬರುವ ವಾರದಿಂದಲೇ ಆರಂಭಿಸಬಹುದು.