ರಾಮ ಕನ್ನಡದಲ್ಲಿ ಮಾತಾಡಲ್ವಾ ಮಾಮ?



2025ರ ಜನವರಿ ಕೊನೆಯಲ್ಲಿ ಮೈಸೂರಿಗೆ ಹೋಗಿದ್ದೆ. ಕುವೆಂಪುನಗರದಲ್ಲಿ ಅಕ್ಕನ ಮನೆ. ಅವಳ ಮಗಳಿಗೆ ಏಳು ವರ್ಷ. "ಜಪಾನಿನವರು ಮಾಡಿದ ರಾಮಾಯಣದ ಕಾರ್ಟೂನ್ ಸಿನಿಮಾ ಬಂದಿದೆ, ಹೋಗೋಣ ಬಾ ಪುಟ್ಟಿ" ಅಂದೆ. ಕುಣಿದಾಡಿಬಿಟ್ಟಳು. ಆಮೇಲೆ ಕೇಳಿದಳು: "ಕನ್ನಡದಲ್ಲಿ ಇದ್ಯಾ ಮಾಮ?"

ಉತ್ತರ ಆಮೇಲೆ ಹೇಳ್ತೀನಿ. ಮೊದಲು ಆ ಸಿನಿಮಾ ಮಾಡಿದ ಮನುಷ್ಯನ ಕಥೆ ಕೇಳಿ.

ಹೆಸರು ಯುಗೋ ಸಾಕೋ. ಹುಟ್ಟಿದ್ದು 1928ರಲ್ಲಿ. ಸಾಕ್ಷ್ಯಚಿತ್ರಗಳನ್ನು ಮಾಡುತ್ತಿದ್ದವರು. ಪುರಾತತ್ತ್ವಜ್ಞ ಬಿ.ಬಿ. ಲಾಲ್ ಅವರ ಉತ್ಖನನವನ್ನು ಚಿತ್ರೀಕರಿಸಲು 1983ರಲ್ಲಿ ಉತ್ತರ ಪ್ರದೇಶಕ್ಕೆ ಬಂದರು. ಅಲ್ಲಿ ರಾಮಾಯಣದ ಹುಚ್ಚು ಹಿಡಿಯಿತು. ಜಪಾನಿ ಭಾಷೆಯಲ್ಲಿ ಸಿಕ್ಕ ರಾಮಾಯಣಗಳನ್ನೆಲ್ಲ ಓದಿದರು. ದೇವರ ಕಥೆಗೆ ನಟರಿಗಿಂತ ರೇಖೆಗಳೇ ಸರಿ ಅಂತ ಅವರಿಗೆ ಅನ್ನಿಸಿತು.

ಇಲ್ಲಿ ಏನಾಯ್ತು ಗೊತ್ತಾ? ವಿದೇಶಿಯೊಬ್ಬ ನಮ್ಮ ರಾಮನನ್ನು ಕಾರ್ಟೂನ್ ಮಾಡೋದಾ ಅಂತ ಆಕ್ಷೇಪ ಎದ್ದಿತು. ವಿಶ್ವ ಹಿಂದೂ ಪರಿಷತ್ತಿನಿಂದ ಪ್ರತಿಭಟನೆಯ ಪತ್ರ ಹೋಯಿತು. ಭಾರತದ ಜೊತೆಗೂಡಿ ನಿರ್ಮಿಸುವ ಆಸೆಯೂ ಕೈಗೂಡಲಿಲ್ಲ. ಸಾಕೋ ಜಗಳಕ್ಕೆ ನಿಲ್ಲಲಿಲ್ಲ, ಕೆಲಸವನ್ನೂ ಬಿಡಲಿಲ್ಲ. ಜಪಾನಿನಲ್ಲೇ ಸುಮಾರು 450 ಕಲಾವಿದರನ್ನು ಕೂರಿಸಿದರು. ಹತ್ತಿರ ಹತ್ತಿರ ಒಂದು ಲಕ್ಷ ಚಿತ್ರ, ಎಲ್ಲವೂ ಕೈಯಲ್ಲಿ ಬರೆದದ್ದು! ನಮ್ಮ ಹಿರಿಯ ಅನಿಮೇಷನ್ ಕಲಾವಿದ ರಾಮ್ ಮೋಹನ್ ಜೊತೆಯಾದರು. ಪಂಚೆ ಹೇಗೆ ಉಡ್ತಾರೆ, ಹಿರಿಯರು ಹೇಗೆ ಹರಸ್ತಾರೆ ಅನ್ನೋದನ್ನೂ ಭಾರತೀಯರಿಂದ ಕೇಳಿ ತಿಳಿದು ಚಿತ್ರ ಬರೆದರು.

1993ರ ಜನವರಿಯಲ್ಲಿ ದೆಹಲಿಯ ಚಿತ್ರೋತ್ಸವದಲ್ಲಿ ಪ್ರದರ್ಶನವಾಯಿತು. ಆಗ ಅಯೋಧ್ಯೆಯ ಗಲಭೆಯ ಬಿಸಿ ಆರಿರಲಿಲ್ಲ. ಚಿತ್ರಮಂದಿರದಲ್ಲಿ ಸಿಗದ ಜನ ಆಮೇಲೆ ಟಿವಿಯಲ್ಲಿ ಸಿಕ್ಕರು. 2012ರಲ್ಲಿ ಸಾಕೋ ತೀರಿಕೊಂಡರು. 2025ರ ಜನವರಿ 24ಕ್ಕೆ ಸಿನಿಮಾ ದೇಶದಾದ್ಯಂತ ತೆರೆಗೆ ಬಂತು. ಹಿಂದಿ, ತಮಿಳು, ತೆಲುಗಿನಲ್ಲಿ ಹೊಸ ಡಬ್ಬಿಂಗ್.

ಕನ್ನಡ? ಇಲ್ಲ.

ಕುವೆಂಪು ಬಾಳಿ ಬದುಕಿದ ಊರಿದು. ‘ಶ್ರೀ ರಾಮಾಯಣ ದರ್ಶನಂ’ಗೆ ಜ್ಞಾನಪೀಠ ಬಂದ ಊರು. ಆ ಕವಿಯ ಹೆಸರಿನ ಬಡಾವಣೆಯ ಮಗುವಿಗೆ ರಾಮ ಕನ್ನಡದಲ್ಲಿ ಸಿಗಲಿಲ್ಲ.

ಡಬ್ಬಿಂಗ್ ಬೇಡ ಅಂದವರ ಆತಂಕವನ್ನು ನಾನು ಅಲ್ಲಗಳೆಯಲ್ಲ. ಅದು ನಮ್ಮ ಕಲಾವಿದರ ಅನ್ನದ ಪ್ರಶ್ನೆಯಾಗಿತ್ತು. ಆದರೆ ಕಾರ್ಟೂನಿನ ರಾಮ ಕನ್ನಡದ ಯಾವ ನಟನ ಅವಕಾಶ ಕಿತ್ಕೊಳ್ತಾನೆ? ಕನ್ನಡಕ್ಕೆ ತಂದಿದ್ರೆ ನಮ್ಮ ಕಂಠದಾನ ಕಲಾವಿದರಿಗೇ ಕೆಲಸ ಸಿಗುತ್ತಿತ್ತು. ಡಬ್ಬಿಂಗ್ ತಡೆಯೋದು ತಪ್ಪು ಅಂತ ಸ್ಪರ್ಧಾ ಆಯೋಗ 2015ರಲ್ಲೇ ಹೇಳಿಯಾಗಿದೆ. ಇನ್ನು ಯಾರನ್ನು ಕಾಯ್ತಿದ್ದೀವಿ? "ಕನ್ನಡದಲ್ಲಿ ಯಾರು ನೋಡ್ತಾರೆ" ಅನ್ನೋರಿಗೆ "ನಾವು ನೋಡ್ತೀವಿ" ಅಂತ ಗಟ್ಟಿಯಾಗಿ ಹೇಳಬೇಕಾದವರು ನಾವೇ.

ಅವತ್ತು ಹಿಂದಿಯಲ್ಲೇ ನೋಡಿದೆವು. ಎರಡೂ ಕಾಲು ಗಂಟೆ ನಾನು ಅವಳ ಕಿವಿಯಲ್ಲಿ ಕನ್ನಡ ಪಿಸುಗುಟ್ಟಿದೆ. ಹೊರಗೆ ಬಂದ ಮೇಲೆ ಹೇಳಿದಳು: "ಮುಂದಿನ ಸಲ ನೀನು ಬರದಿದ್ರೆ ನಂಗೆ ಯಾರು ಹೇಳ್ತಾರೆ ಮಾಮ?"

ನೀವೇ ಯೋಚನೆ ಮಾಡಿ.