ಕನಸಿನ ಪೆಟ್ಟಿಗೆಯ ಬೀಗದ ಕೈ

(ವಾರ್ಷಿಕ ಸಮಾರಂಭದಲ್ಲಿ ಮಾಡಿದ ಭಾಷಣದ ಬರಹರೂಪ)



ಒಂದು ಮಾಯಾ ಪೆಟ್ಟಿಗೆಯನ್ನು ಕಲ್ಪಿಸಿಕೊಳ್ಳಿ. ನಿಮ್ಮ ಜ್ಯಾಮಿಟ್ರಿ ಬಾಕ್ಸಿನಷ್ಟೇ ಅದರ ಗಾತ್ರ. ಮಲಗುವಾಗ ದಿಂಬಿನ ಕೆಳಗಿಟ್ಟರೆ ರಾತ್ರಿ ಕಂಡ ಕನಸೆಲ್ಲ ಅದರಲ್ಲಿ ದಾಖಲಾಗುತ್ತದೆ. ಬೆಳಿಗ್ಗೆ ಮುಚ್ಚಳ ತೆರೆದರೆ ಬಣ್ಣ, ಮಾತು, ಮುಖಗಳ ಸಮೇತ ಮತ್ತೆ ನೋಡಬಹುದು. ತೀರಿಹೋದ ಅಜ್ಜಿ ಕನಸಿನಲ್ಲಿ ಬಂದು ಏನೋ ಹೇಳಿದರು, ಎದ್ದ ಮೇಲೆ ಮರೆತೇಹೋಯಿತು ಎಂಬ ಸಂಕಟ ಯಾರಿಗೂ ಇರುವುದಿಲ್ಲ. ಇಂಥ ಪೆಟ್ಟಿಗೆ ಬೇಕೇ ಎಂದು ಕೇಳಿದರೆ ನಿಮ್ಮಲ್ಲಿ ಬಹುಪಾಲು ಮಂದಿ ಕೈ ಎತ್ತುತ್ತೀರಿ. ಕೈ ಎತ್ತುವ ಮುಂಚೆ ಇನ್ನೊಂದು ಪ್ರಶ್ನೆ ಯೋಚಿಸಿ. ಅದರ ಬೀಗದ ಕೈ ಯಾರ ಹತ್ತಿರ ಇರಬೇಕು?

ಕಥೆ ಕಟ್ಟುವವರು ಈ ಪೆಟ್ಟಿಗೆಯನ್ನು ಎಂದೋ ಮಾಡಿಟ್ಟಿದ್ದಾರೆ. ಜರ್ಮನಿಯ ನಿರ್ದೇಶಕ ವಿಮ್ ವೆಂಡರ್ಸ್ 1991ರಲ್ಲಿ ತೆಗೆದ ‘ಅಂಟಿಲ್ ದಿ ಎಂಡ್ ಆಫ್ ದಿ ವರ್ಲ್ಡ್’ ಚಿತ್ರದಲ್ಲಿ ಒಬ್ಬ ವಿಜ್ಞಾನಿ ಕಣ್ಣಿಲ್ಲದ ಹೆಂಡತಿಗೆ ಲೋಕವನ್ನು ತೋರಿಸಲೆಂದು ಯಂತ್ರ ಮಾಡುತ್ತಾನೆ. ಆಮೇಲೆ ಅದೇ ಯಂತ್ರ ಕನಸು ಹಿಡಿಯಲು ಬಳಕೆಯಾಗುತ್ತದೆ. ಕಡೆಗೆ ಅದರ ರುಚಿ ಹತ್ತಿದವರು ಅಂಗೈಯಗಲದ ಪರದೆಯಲ್ಲಿ ತಮ್ಮ ಕನಸನ್ನೇ ನೋಡುತ್ತ ಪಕ್ಕದವರನ್ನೂ ಮರೆತುಬಿಡುತ್ತಾರೆ. (ಮೊಬೈಲ್ ಫೋನು ಇಷ್ಟು ಹರಡುವ ಮೊದಲೇ ಬಂದ ಚಿತ್ರ ಇದು!) ಜಪಾನಿನ 2006ರ ‘ಪಪ್ರಿಕಾ’ ಎಂಬ ಕಾರ್ಟೂನ್ ಚಿತ್ರದಲ್ಲಿ ಮನೋರೋಗಿಗಳ ಚಿಕಿತ್ಸೆಗೆಂದು ಮಾಡಿದ ಇಂಥದೇ ಉಪಕರಣ ಕಳವಾಗುತ್ತದೆ, ಪರರ ಕನಸಿನೊಳಗೆ ನುಗ್ಗುವ ಆಯುಧವಾಗುತ್ತದೆ.

ಇನ್ನು ನಿಜವಾದ ವಿಜ್ಞಾನ ಎಲ್ಲಿಗೆ ಮುಟ್ಟಿದೆ? ಮನುಷ್ಯನ ಮಿದುಳಿನ ವಿದ್ಯುತ್ ಅಲೆಗಳನ್ನು ಗುರುತಿಸಿದ್ದಾಗಿ ಜರ್ಮನಿಯ ಹಾನ್ಸ್ ಬರ್ಗರ್ 1929ರಲ್ಲಿ ಪ್ರಕಟಿಸಿದರು. ನಿದ್ದೆಯಲ್ಲಿ ಕಣ್ಣುಗುಡ್ಡೆಗಳು ವೇಗವಾಗಿ ಅಲುಗಾಡುವ ಒಂದು ಘಟ್ಟವಿದೆ, ಆಗ ಎಬ್ಬಿಸಿದರೆ ಹೆಚ್ಚಿನವರು ಕನಸು ಹೇಳುತ್ತಾರೆ ಎಂದು ಷಿಕಾಗೋದಲ್ಲಿ ಅಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ 1953ರಲ್ಲಿ ತೋರಿಸಿಕೊಟ್ಟರು. 2013ರಲ್ಲಿ ಜಪಾನಿನ ಕ್ಯೋಟೋದ ಯುಕಿಯಾಸು ಕಮಿತಾನಿ ಅವರ ತಂಡ ಮೂವರನ್ನು ಎಂ.ಆರ್.ಐ. ಯಂತ್ರದಲ್ಲಿ ಮಲಗಿಸಿ, ಮಂಪರು ಹತ್ತಿದೊಡನೆ ಎಬ್ಬಿಸಿ, ಏನು ಕಂಡಿರಿ ಎಂದು ಮತ್ತೆ ಮತ್ತೆ ಕೇಳಿತು. ಎರಡು ಬಗೆಯ ವಸ್ತುಗಳಲ್ಲಿ ಕಂಡದ್ದು ಯಾವುದು ಎಂಬುದನ್ನು ಮಿದುಳಿನ ಚಿತ್ರ ನೋಡಿ ಕಂಪ್ಯೂಟರ್ ಊಹಿಸಬೇಕು. ಕಣ್ಣುಮುಚ್ಚಿ ಹೇಳಿದರೂ ಶೇ. 50ರಷ್ಟು ಸರಿಯಾಗುವ ಈ ಲೆಕ್ಕದಲ್ಲಿ ಅದು ಶೇ. 60ರಷ್ಟು ಸರಿ ಹೇಳಿತು. ದೊಡ್ಡ ಸಾಧನೆಯೇ. ಆದರೆ ಉತ್ತರ ಸರಿಯೇ ತಪ್ಪೇ ಎಂದು ತೀರ್ಮಾನಿಸಿದ್ದು ಯಾವುದರಿಂದ? ಕನಸು ಕಂಡವರೇ ಎದ್ದು ಹೇಳಿದ ಮಾತಿನಿಂದ! ಯಂತ್ರಕ್ಕೂ ಕೊನೆಗೆ ಕಂಡವರ ಸಾಕ್ಷಿಯೇ ಬೇಕು.

ಹಾಗೆ ಕಂಡವರೇ ಬರೆದಿಟ್ಟ ಒಂದು ದಾಖಲೆ ನಮ್ಮ ನಾಡಿನಲ್ಲೇ ಹುಟ್ಟಿದೆ. ಟಿಪ್ಪು ಸುಲ್ತಾನನ ‘ಖ್ವಾಬ್‌ನಾಮಾ’, ಅಂದರೆ ಕನಸುಗಳ ಪುಸ್ತಕ. ಪಾರಸಿ ಭಾಷೆ, ಅವನದೇ ಕೈಬರಹ. 1785ರಿಂದ 1799ರ ಜನವರಿಯವರೆಗಿನ ಮೂವತ್ತೇಳು ಕನಸುಗಳು ಅದರಲ್ಲಿವೆ. ಚೀನಾದ ಬಾದಶಹನ ಕಡೆಯವರು ಬಿಳಿ ಆನೆಯನ್ನು ಕಾಣಿಕೆ ತಂದದ್ದು ಒಂದು ಕನಸು. ಇನ್ನೊಂದರಲ್ಲಿ ಹಿಂಭಾಗ ಜಖಂ ಆದ ಒಂದು ದೊಡ್ಡ ದೇವಾಲಯ. ಒಳಗಿನ ವಿಗ್ರಹಗಳ ಕಣ್ಣು ಜೀವಂತರ ಕಣ್ಣಿನಂತೆ ಆಡುತ್ತಿವೆ, ಅವುಗಳಲ್ಲಿ ಒಂದು ಸ್ತ್ರೀ ವಿಗ್ರಹ ಸುಲ್ತಾನನೊಡನೆ ಮಾತನಾಡುತ್ತದೆ. ಕಟ್ಟಡವನ್ನು ದುರಸ್ತಿ ಮಾಡಿ ಎಂದು ಅವನು ತನ್ನ ಜನರಿಗೆ ಅಪ್ಪಣೆ ಕೊಡುತ್ತಾನೆ, ಅಷ್ಟರಲ್ಲಿ ಎಚ್ಚರ. 1786ರಲ್ಲಿ ಸವಣೂರಿನ ಕಡೆ ಮರಾಠರ ಮೇಲೆ ರಾತ್ರಿ ದಾಳಿ ಮಾಡುವ ಮುನ್ನ ಕಂಡ ಕನಸಿನಲ್ಲಿ ಅಪರಿಚಿತ ತರುಣನೊಬ್ಬ ಬಂದು ಕೂರುತ್ತಾನೆ. ನೋಡಿದರೆ ಗಂಡುವೇಷದ ಹೆಣ್ಣು. ಶತ್ರುಗಳ ಗಂಡಸುತನ ಬರಿಯ ವೇಷ ಎಂದು ಸುಲ್ತಾನ್ ಅರ್ಥ ಮಾಡಿಕೊಂಡ. ಈ ಅರ್ಥವನ್ನು ನಾವು ಒಪ್ಪಬೇಕಾಗಿಲ್ಲ. ಆದರೆ ಯುದ್ಧದ ಹಿಂದಿನ ರಾತ್ರಿ ಒಬ್ಬ ಅರಸನ ಮನಸ್ಸು ಧೈರ್ಯವನ್ನು ಎಲ್ಲಿ ಹುಡುಕಿತು ಎಂಬುದು ಇಲ್ಲಿ ಸಿಗುವಷ್ಟು ಹತ್ತಿರದಿಂದ ಬೇರೆಲ್ಲಿ ಸಿಗುತ್ತದೆ?

ಈ ಪುಸ್ತಕವನ್ನು ಅವನು ಯಾರಿಗೂ ತೋರಿಸಲಿಲ್ಲ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದ ಮೇಲೆ ಅರಮನೆಯ ಗುಪ್ತ ಕಾಗದಗಳ ನಡುವೆ ಅದು ಕರ್ನಲ್ ಕರ್ಕ್‌ಪ್ಯಾಟ್ರಿಕ್ ಕೈಗೆ ಸಿಕ್ಕಿತು. ಆಗ ಅಲ್ಲಿದ್ದ ಮುನ್ಷಿ ಹಬೀಬುಲ್ಲಾ, ‘ಹೀಗೊಂದು ಪುಸ್ತಕವಿದೆ ಎಂದು ಗೊತ್ತಿತ್ತು, ಕಂಡಿರಲಿಲ್ಲ’ ಎಂಬ ಅರ್ಥದ ಮಾತು ಹೇಳಿದನಂತೆ. ಓದುವಾಗ, ಬರೆಯುವಾಗ ಯಾರಾದರೂ ಹತ್ತಿರ ಬಂದರೆ ಸುಲ್ತಾನ್ ಅದನ್ನು ಮುಚ್ಚಿಡುತ್ತಿದ್ದನಂತೆ. ಅಷ್ಟು ಜೋಪಾನ ಮಾಡಿದ್ದು 1800ರಲ್ಲಿ ಲಂಡನ್ನಿಗೆ ಹೋಗಿ ಈಸ್ಟ್ ಇಂಡಿಯಾ ಕಂಪನಿಯ ನಿರ್ದೇಶಕರಿಗೆ ಕಾಣಿಕೆಯಾಯಿತು. ಗೆದ್ದವರಲ್ಲೊಬ್ಬನಾದ ಅಲೆಕ್ಸಾಂಡರ್ ಬೀಟ್ಸನ್ ಅದೇ ವರ್ಷ ಯುದ್ಧದ ಬಗ್ಗೆ ಬರೆದ ಪುಸ್ತಕದಲ್ಲಿ ಕೆಲವು ಕನಸುಗಳು ಅಚ್ಚಾದವು. ಸುಲ್ತಾನನ ಒಳಮನಸ್ಸನ್ನು ಲೋಕಕ್ಕೆ ಮೊದಲು ತೆರೆದು ತೋರಿಸಿದವರು ಅವನನ್ನು ಕೊಂದ ಪಕ್ಷದವರು! ಹಸ್ತಪ್ರತಿ ಈಗ ಬ್ರಿಟಿಷ್ ಲೈಬ್ರರಿಯಲ್ಲಿದೆ. ಇದನ್ನೇ ಆಧರಿಸಿ ಗಿರೀಶ್ ಕಾರ್ನಾಡರು ಬರೆದ ನಾಟಕವನ್ನು ನೀವು ಓದಿರಬಹುದು.

ಅವನ ಪುಸ್ತಕ ಕಸಿಯಲು ಕೋಟೆ ಒಡೆಯಬೇಕಾಯಿತು. ಇಂದು ಅಷ್ಟು ಕಷ್ಟವಿಲ್ಲ. ಎಷ್ಟು ಹೊತ್ತು ಮಲಗಿದಿರಿ, ಗಾಢ ನಿದ್ದೆ ಎಷ್ಟು, ಕನಸಿನ ಘಟ್ಟ ಯಾವಾಗ ಎಂದು ಅಂದಾಜಿಸುವ ಕೈಗಡಿಯಾರಗಳು ಅಂಗಡಿಯಲ್ಲಿ ಸಿಗುತ್ತವೆ. ಆ ಲೆಕ್ಕ ಬಹುಮಟ್ಟಿಗೆ ಯಾವುದೋ ಕಂಪನಿಯ ಕಂಪ್ಯೂಟರಿಗೆ ಹೋಗಿ ಕೂರುತ್ತದೆ. ಷರತ್ತುಗಳನ್ನು ಓದದೆ ‘ಒಪ್ಪಿದೆ’ ಎಂದು ಒತ್ತುವವರು ನಾವೇ. ಕನಸಿನ ಪೆಟ್ಟಿಗೆ ನಾಳೆ ಬಂದರೂ ಹೀಗೆಯೇ ಬರುತ್ತದೆ, ಬಹುಶಃ ಕಂತಿನ ಮೇಲೆ.

ದಕ್ಷಿಣ ಅಮೆರಿಕದ ಚಿಲಿ ದೇಶ 2021ರಲ್ಲಿ ಸಂವಿಧಾನವನ್ನೇ ತಿದ್ದಿ, ಮಿದುಳಿನ ಚಟುವಟಿಕೆಗೂ ಅದರಿಂದ ಸಿಗುವ ಮಾಹಿತಿಗೂ ಕಾನೂನಿನ ರಕ್ಷಣೆ ಕೊಟ್ಟಿತು. ನಮ್ಮಲ್ಲಿ ವೈಯಕ್ತಿಕ ಡಿಜಿಟಲ್ ಮಾಹಿತಿಯ ರಕ್ಷಣೆಗೆ 2023ರಲ್ಲಿ ಕಾಯ್ದೆಯಾಗಿದೆ. ಕಾನೂನು ಓದುತ್ತಿರುವ ಮಿತ್ರರು ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ಓದಿ. ನಮ್ಮ ಕಾಯ್ದೆಯಲ್ಲಿ ಮಿದುಳು ಎಂಬ ಪದ ಬಂದಿಲ್ಲ.